ಶೇ 3.1 ಅಂದರೆ ಎಷ್ಟು ಭಯಪಡಬೇಕು?

2025ರ ಫೆಬ್ರುವರಿ 10ರಿಂದ 12. ಟಿ. ನರಸೀಪುರದ ತಿರುಮಕೂಡಲಿನಲ್ಲಿ ಮೂರು ದಿನದ ಕುಂಭಮೇಳ. ಕಾವೇರಿಗೆ ಕಪಿಲೆ ಸೇರುವ ಜಾಗ ಅದು. ಕಣ್ಣಿಗೆ ಕಾಣದ ಸ್ಫಟಿಕ ಸರೋವರವೂ ಅಲ್ಲೇ ಕೂಡುತ್ತದೆ ಅನ್ನೋದು ನಂಬಿಕೆ. ಕೊನೆಯ ದಿನ ಮಾಘ ಹುಣ್ಣಿಮೆ. ಮೂಗೂರು, ಸೋಸಲೆ, ತಲಕಾಡು, ಬನ್ನೂರು ಅಂತ ಸುತ್ತಲ ಊರುಗಳ ಜನ ಬಸ್ಸು, ಟೆಂಪೊ, ಬೈಕು ಹಿಡಿದು ಹೊಳೆ ಕಡೆ ಹೊರಟಿದ್ದರು.

ಅದೇ ಮೂರು ದಿನ ಅವರ ಜೇಬಿನ ಫೋನುಗಳಲ್ಲಿ ಇನ್ನೊಂದು ಸುದ್ದಿ ಓಡಾಡುತ್ತಿತ್ತು. ‘2024 ವೈಆರ್4’ ಎಂಬ ಕ್ಷುದ್ರಗ್ರಹ 2032ರ ಡಿಸೆಂಬರ್ 22ರಂದು ಭೂಮಿಗೆ ಬಡಿಯಬಹುದು, ಸಾಧ್ಯತೆ ಶೇ 2ಕ್ಕಿಂತ ಹೆಚ್ಚು. ಬೀಳಬಹುದಾದ ಜಾಗಗಳ ಪಟ್ಟಿಯಲ್ಲಿ ಮುಂಬೈ, ಕೋಲ್ಕತ್ತ ಎರಡೂ ಇದ್ದವು.

ಆ ಹುಣ್ಣಿಮೆಗೂ ಈ ಸುದ್ದಿಗೂ ಒಂದು ನಂಟಿದೆ. ಸ್ನಾನಕ್ಕೆ ಹೋದವರಿಗೆ ಪುಣ್ಯಕಾಲವಾಗಿದ್ದ ತುಂಬು ಚಂದ್ರ, ದೂರದರ್ಶಕದ ಮುಂದೆ ಕೂತವರಿಗೆ ದೊಡ್ಡ ತಲೆನೋವು. ಕ್ಷುದ್ರಗ್ರಹ ಆಗಲೇ ಭೂಮಿಯಿಂದ ದೂರ ಸರಿಯುತ್ತಾ ಮಸುಕಾಗುತ್ತಿತ್ತು. ಬೆಳದಿಂಗಳಲ್ಲಿ ಅಷ್ಟು ಮಸುಕಾದ ಚುಕ್ಕಿ ಕಾಣುವುದಿಲ್ಲ. ಹಾಗಾಗಿ ಹುಣ್ಣಿಮೆಯ ಆಚೀಚೆ ಕೆಲವು ದಿನ ಹೊಸ ಅಳತೆ ಹೆಚ್ಚುಕಡಿಮೆ ನಿಂತೇಹೋಯಿತು. ಚಂದ್ರ ಕರಗತೊಡಗಿದ ಮೇಲೆ ಮತ್ತೆ ಅಳತೆ ಶುರುವಾಯಿತು. ಫೆಬ್ರುವರಿ 18ಕ್ಕೆ ನಾಸಾ ಲೆಕ್ಕ ಶೇ 3.1ಕ್ಕೆ ಏರಿತು. ಅಂದರೆ 32ರಲ್ಲಿ ಒಂದು. ಇಷ್ಟು ದೊಡ್ಡ ಕಲ್ಲಿಗೆ ಇಷ್ಟು ದೊಡ್ಡ ಸಂಖ್ಯೆ ಅದುವರೆಗೆ ಬಂದಿರಲಿಲ್ಲ.

ಮರುದಿನ ಅದು ಶೇ 1.5. ಅದರ ಮರುದಿನ ಶೇ 0.28. ಫೆಬ್ರುವರಿ 24ಕ್ಕೆ ಶೇ 0.004. ಕಥೆ ಮುಗಿಯಿತು.

ಮುಗಿದ ಸುದ್ದಿ ಎಷ್ಟು ಜನರ ಫೋನಿಗೆ ಬಂತು? ನಮ್ಮ ಫ್ಯಾಮಿಲಿ ಗ್ರೂಪಿಗಂತೂ ಬರಲಿಲ್ಲ. ಏರುವಾಗ ಮೂರು ಫಾರ್ವರ್ಡ್, ಒಂದು ರೀಲ್, ಬೆಂಕಿಯುಂಡೆ ಬೀಳುವ ಒಂದು ಎಐ ವಿಡಿಯೊ ಬಂದಿದ್ದವು. ಇಳಿದಾಗ ಎಲ್ಲರೂ ಸುಮ್ಮನೆ. ಏಳನೇ ಕ್ಲಾಸಿನ ಅಕ್ಕನ ಮಗಳು ‘2032ಕ್ಕೆ ನಂಗೆ ಹತ್ತೊಂಬತ್ತು’ ಅಂತ ಲೆಕ್ಕ ಹಾಕಿಕೊಂಡು ರಾತ್ರಿ ದೀಪ ಆರಿಸಲು ಬಿಡುತ್ತಿರಲಿಲ್ಲ. ಶೇ 0.004ರ ಸುದ್ದಿ ಅವಳಿಗೆ ಯಾರೂ ಹೇಳಿರಲಿಲ್ಲ. ಒಂದು ತಿಂಗಳ ಮೇಲೆ ಅಕ್ಕ ಫೋನ್ ಮಾಡಿ ಕೇಳಿದಾಗಲೇ ನನಗೂ ಅದು ಗೊತ್ತಾಗಿದ್ದು.

ನೂರಕ್ಕೆ ಮೂರು ಬಡ್ಡಿ

ಆ ದಿನಗಳಲ್ಲಿ ಮೂಗೂರಿನ ದೊಡ್ಡಪ್ಪ ಕೇಳಿದ ಪ್ರಶ್ನೆ ಬೇರೆ ಥರದ್ದು. ‘ಅದೇನ್ ಮಗ, ಕಲ್ಲು ಬೀಳ್ತದಂತೆ, ಮೂರು ಪರ್ಸೆಂಟಂತೆ. ಮೂರು ಅಂದ್ರೆ ಜಾಸ್ತಿನಾ, ಕಮ್ಮಿನಾ?’

ನಾನು ಕಮ್ಮಿ ಅಂದೆ.

‘ಕೈಸಾಲಕ್ಕೆ ನೂರಕ್ಕೆ ಮೂರು ಬಡ್ಡಿ ಅಂದ್ರೆ ಬಾಳಾ ಜಾಸ್ತಿ ಕಣಪ್ಪ’ ಅಂದರು.

ಅವರು ಹೇಳಿದ್ದು ಸರಿಯೇ. ತಿಂಗಳಿಗೆ ನೂರಕ್ಕೆ ಮೂರು ಬಡ್ಡಿ ಕಟ್ಟಿದವರಿಗೆ ಅದರ ಭಾರ ಗೊತ್ತು. ಮಳೆ ಬರುವ ಸಾಧ್ಯತೆ ಶೇ 3 ಅಂದರೆ ನೀವು ಕೊಡೆ ತೆಗೆದುಕೊಳ್ಳಲ್ಲ. ವಿಮಾನ ಬೀಳುವ ಸಾಧ್ಯತೆ ಶೇ 3 ಅಂದರೆ ಹತ್ತಲ್ಲ. ಪರ್ಸೆಂಟ್ ಅನ್ನೋ ಸಂಖ್ಯೆಗೆ ತನ್ನಷ್ಟಕ್ಕೇ ತೂಕವಿಲ್ಲ, ಯಾವುದರ ಪರ್ಸೆಂಟ್ ಅನ್ನೋದರ ಮೇಲೆ ತೂಕ. ಆದರೆ ಕ್ಷುದ್ರಗ್ರಹದ ವಿಷಯದಲ್ಲಿ ಇನ್ನೂ ಒಂದು ತೊಡಕಿದೆ. ಅಲ್ಲಿ ಪರ್ಸೆಂಟ್ ಹೇಳುವುದು ಕಲ್ಲಿನ ಬಗ್ಗೆ ಅಲ್ಲ, ಕಲ್ಲಿನ ಬಗ್ಗೆ ನಮಗೆ ಎಷ್ಟು ಗೊತ್ತು ಅನ್ನೋದರ ಬಗ್ಗೆ.

ಕಲ್ಲಿಗೆ ಅದರ ದಾರಿ ಖಚಿತ. ಅದು 2032ರಲ್ಲಿ ಬೀಳುತ್ತದೆ ಅಥವಾ ಬೀಳುವುದಿಲ್ಲ, ನಡುವೆ ಶೇ 3 ಬೀಳುವುದು ಅಂತಿಲ್ಲ. ಆ ದಾರಿಯನ್ನು ನಾವು ಎಷ್ಟು ಸ್ಪಷ್ಟವಾಗಿ ನೋಡಿದ್ದೇವೆ ಅನ್ನೋದಷ್ಟೇ ದಿನದಿನಕ್ಕೂ ಬದಲಾಗುವುದು.

ಅಳೆಯೋದು ಹೇಗೆ?

ಕ್ರಿಕೆಟ್ ನೋಡುವವರಿಗೆ ಇದು ಸುಲಭ. ಎಲ್‌ಬಿಡಬ್ಲ್ಯು ಡಿಆರ್‌ಎಸ್‌ನಲ್ಲಿ ಚೆಂಡು ಪ್ಯಾಡಿಗೆ ಬಡಿಯುವ ತನಕದ ದಾರಿ ಕ್ಯಾಮೆರಾಗೆ ಗೊತ್ತು. ಅದರ ಮುಂದಿನ ದಾರಿ ಲೆಕ್ಕ. ಪಿಚ್ ಆದ ಮೇಲೆ ಚೆಂಡು ಹೆಚ್ಚು ದೂರ ಸಾಗಿದ್ದರೆ ಲೆಕ್ಕ ಗಟ್ಟಿ. ಪಿಚ್ ಆದ ತಕ್ಷಣ ಪ್ಯಾಡಿಗೆ ಬಡಿದರೆ ಲೆಕ್ಕ ಸಡಿಲ.

2024 ವೈಆರ್4 ಪತ್ತೆಯಾದದ್ದು 2024ರ ಡಿಸೆಂಬರ್ 27ರಂದು, ಚಿಲಿ ದೇಶದಲ್ಲಿರುವ ಅಟ್ಲಾಸ್ ದೂರದರ್ಶಕದಲ್ಲಿ. ಅಷ್ಟು ಹೊತ್ತಿಗೆ ಅದು ಭೂಮಿಯ ಸಮೀಪ ಬಂದುಹೋಗಿ ಎರಡು ದಿನವಾಗಿತ್ತು. ಸೂರ್ಯನ ಸುತ್ತ ಒಂದು ಸುತ್ತಿಗೆ ಅದು ಸುಮಾರು ನಾಲ್ಕು ವರ್ಷ ತೆಗೆದುಕೊಳ್ಳುತ್ತದೆ. ಅದರಲ್ಲಿ ಕೆಲವೇ ವಾರಗಳ ತುಣುಕು ನೋಡಿ, ಎಂಟು ವರ್ಷದ ಮುಂದೆ ಯಾವ ದಿನ ಎಲ್ಲಿರುತ್ತದೆ ಅಂತ ಹೇಳಬೇಕು. ಪ್ರತಿ ಫೋಟೊದಲ್ಲೂ ಚುಕ್ಕಿಯ ಜಾಗ ಗುರುತಿಸುವಾಗ ಕೂದಲೆಳೆಯಷ್ಟು ವ್ಯತ್ಯಾಸ ಇದ್ದೇ ಇರುತ್ತೆ. ಎಂಟು ವರ್ಷ ದಾಟುವಷ್ಟರಲ್ಲಿ ಆ ಕೂದಲೆಳೆ ಲಕ್ಷಾಂತರ ಕಿಲೊಮೀಟರ್ ಆಗುತ್ತದೆ.

ಆಗ ವಿಜ್ಞಾನಿಗಳು ಒಂದೇ ದಾರಿ ಹೇಳುವುದಿಲ್ಲ. ಸಿಕ್ಕ ಫೋಟೊಗಳಿಗೆಲ್ಲ ಹೊಂದುವ ಸಾವಿರಾರು ದಾರಿಗಳನ್ನು ಕಂಪ್ಯೂಟರಿನಲ್ಲಿ ಓಡಿಸುತ್ತಾರೆ. ಹತ್ತು ಸಾವಿರ ದಾರಿ ಓಡಿಸಿದಾಗ 310 ಭೂಮಿಗೆ ಬಂದು ಬಡಿದರೆ ಅದು ಶೇ 3.1. ನಾಸಾದ ‘ಸೆಂಟ್ರಿ’ ಎಂಬ ವ್ಯವಸ್ಥೆ ಇಂಥ ಲೆಕ್ಕವನ್ನು ದಿನವೂ ಮಾಡಿ ಪಟ್ಟಿಯನ್ನು ಎಲ್ಲರಿಗೂ ಕಾಣುವಂತೆ ಹಾಕುತ್ತದೆ. ಯುರೋಪಿನವರು ತಮ್ಮದೇ ಲೆಕ್ಕ ಬೇರೆ ಮಾಡುತ್ತಾರೆ. ಫೆಬ್ರುವರಿ 18ರಂದು ಅವರ ಸಂಖ್ಯೆ ಶೇ 2.8 ಇತ್ತು. ಎರಡೂ ಸರಿ, ಒಂದೇ ಹೊಲವನ್ನು ಇಬ್ಬರು ಸರ್ವೇಯರು ಅಳೆದ ಹಾಗೆ, ಒಂದು ಗೇಣು ಹೆಚ್ಚುಕಮ್ಮಿ.

ಇನ್ನು ಎಲ್ಲರನ್ನೂ ಗಾಬರಿ ಮಾಡಿದ ವಿಷಯ. ಬೀಳದ ಕಲ್ಲಿಗೆ ಸಾಧ್ಯತೆ ಏರಿದ್ದೇಕೆ?

ಒಬ್ಬ ಅಪರಿಚಿತ ನಿಮ್ಮ ಬೀದಿಗೆ ಬಂದಿದ್ದಾನೆ ಅಂದುಕೊಳ್ಳಿ. ನೂರು ಮನೆ. ಅದರಲ್ಲಿ ಯಾವುದೋ ಒಂದಕ್ಕೆ ಹೋಗಬೇಕು. ನಿಮ್ಮ ಮನೆಗೇ ಬರುವ ಸಾಧ್ಯತೆ ನೂರಕ್ಕೆ ಒಂದು. ಬೀದಿಯ ಆ ತುದಿಯ ಐವತ್ತು ಮನೆ ದಾಟಿ ಬಂದ. ಈಗ ಐವತ್ತಕ್ಕೆ ಒಂದು. ಇನ್ನೂ ಹದಿನೆಂಟು ಮನೆ ದಾಟಿದ, ಮೂವತ್ತೆರಡಕ್ಕೆ ಒಂದು. ಅವನು ನಿಮ್ಮ ಕಡೆಗೇ ನುಗ್ಗಿ ಬರುತ್ತಿದ್ದಾನೆ ಅಂತ ಅನ್ನಿಸೋದು ಸಹಜ. ಆದರೆ ಆಗಿದ್ದು ಇಷ್ಟೇ, ಬೇರೆ ಮನೆಗಳು ಪಟ್ಟಿಯಿಂದ ಬಿಟ್ಟುಹೋಗಿವೆ, ನಿಮ್ಮದು ಇನ್ನೂ ಉಳಿದಿದೆ. ಮುಂದೆ ಅವನು ಎದುರು ಮನೆಯ ಗೇಟು ತೆಗೆದ ಕ್ಷಣಕ್ಕೆ ನಿಮ್ಮ ಪಾಲು ಸೊನ್ನೆ.

2024 ವೈಆರ್4 ಮಾಡಿದ್ದು ಇದನ್ನೇ. ಅಳತೆ ಉತ್ತಮವಾದಂತೆ ‘ಎಲ್ಲೆಲ್ಲಿ ಇರಬಹುದು’ ಅನ್ನೋ ಪಟ್ಟಿ ಕಿರಿದಾಯಿತು. ಕಿರಿದಾದ ಪಟ್ಟಿಯೊಳಗೆ ಭೂಮಿ ಇನ್ನೂ ಇತ್ತು, ಹಾಗಾಗಿ ಅದರ ಪಾಲು ದೊಡ್ಡದಾಯಿತು. ಕೊನೆಗೆ ಪಟ್ಟಿಯ ಅಂಚು ಭೂಮಿಯನ್ನು ಬಿಟ್ಟು ಸರಿಯಿತು. ಸಾಧ್ಯತೆ ಮೊದಲು ಏರಿ ಆಮೇಲೆ ಧೊಪ್ಪನೆ ಬೀಳುವುದು ಇಂಥ ಪ್ರಕರಣಗಳ ಮಾಮೂಲಿ ನಡೆ. ಯುರೋಪಿನ ಬಾಹ್ಯಾಕಾಶ ಸಂಸ್ಥೆ ಇದನ್ನು ಜನವರಿಯಲ್ಲೇ ಹೇಳಿತ್ತು. ಸುದ್ದಿಯಾಗಿ ಇಲ್ಲಿಗೆ ಬರುವಷ್ಟರಲ್ಲಿ ಆ ಸಾಲು ಉದುರಿ ಹೋಗಿತ್ತು. ಹೆಡ್‌ಲೈನಿಗೆ ಹಿಡಿಸದ ಸಾಲು ಅದು.

ಇನ್ನೊಂದು ಉದುರಿದ ಸಾಲು: ಆ ಶೇ 3.1 ಇಡೀ ಭೂಮಿಗೆ, ಮುಂಬೈಗಲ್ಲ. ಬಿದ್ದರೆ ಬೀಳಬಹುದಾದ ಗೆರೆ ಪೆಸಿಫಿಕ್ ಸಾಗರದ ಪೂರ್ವ ಭಾಗದಿಂದ ದಕ್ಷಿಣ ಅಮೆರಿಕದ ಉತ್ತರ ಭಾಗ, ಅಟ್ಲಾಂಟಿಕ್, ಆಫ್ರಿಕಾ, ಅರಬ್ಬಿ ಸಮುದ್ರ ದಾಟಿ ದಕ್ಷಿಣ ಏಷ್ಯಾದವರೆಗೆ ಚಾಚಿತ್ತು. ಮುಂಬೈ ಆ ಉದ್ದದ ಗೆರೆಯ ಮೇಲಿನ ಒಂದು ಚುಕ್ಕಿ. ಮೈಸೂರು ಸೀಮೆ ಗೆರೆಯ ಮೇಲೆ ಇರಲೇ ಇಲ್ಲ. ದೊಡ್ಡಪ್ಪನಿಗೆ ಇದನ್ನು ಹೇಳಿದ್ದಕ್ಕೆ ‘ಹಂಗಂದ್ರೆ ನಿನ್ ತಂಗಿಗೆ ಬಾಂಬೆ ಗಂಡು ನೋಡ್ಬೋದು ಬುಡು’ ಅಂದರು.

‘ಯಾರಿಗಾದರೂ’ ಮತ್ತು ‘ನನಗೆ’

ಈ ಎರಡರ ನಡುವಿನ ಗೊಂದಲ ಹೊಸದಲ್ಲ. ಐವತ್ತು ದಾಟಿದವರನ್ನು ಕೇಳಿ, ಸ್ಕೈಲ್ಯಾಬ್ ಹೆಸರು ಹೇಳ್ತಾರೆ. ಅದು ಕ್ಷುದ್ರಗ್ರಹ ಅಲ್ಲ, ಅಮೆರಿಕದ ಬಾಹ್ಯಾಕಾಶ ನಿಲ್ದಾಣ. ಹಿಡಿತ ತಪ್ಪಿ ಬೀಳುತ್ತದೆ ಅಂತ ಗೊತ್ತಾದಾಗ ದೇಶದ ಹಳ್ಳಿಹಳ್ಳಿಯಲ್ಲೂ ಅದೇ ಮಾತು. 1979ರ ಜುಲೈ 11ರಂದು ಅದು ಹಿಂದೂ ಮಹಾಸಾಗರದ ಮೇಲೆ ಚೂರಾಗಿ, ಒಂದಷ್ಟು ತುಂಡುಗಳು ಪಶ್ಚಿಮ ಆಸ್ಟ್ರೇಲಿಯಾದ ಎಸ್ಪೆರೆನ್ಸ್ ಸುತ್ತ ಬಿದ್ದವು. ಯಾರಿಗೂ ಏನೂ ಆಗಲಿಲ್ಲ.

ಆಗ ನಾಸಾ ಒಂದು ಸಂಖ್ಯೆ ಕೊಟ್ಟಿತ್ತು. ಭೂಮಿ ಮೇಲಿನ ಯಾರೋ ಒಬ್ಬರಿಗೆ ತುಂಡು ತಗುಲುವ ಸಾಧ್ಯತೆ 152ರಲ್ಲಿ ಒಂದು. ಕೇಳಿದರೆ ಎದೆ ಧಸಕ್ಕೆನ್ನುತ್ತೆ. ಅದೇ ಲೆಕ್ಕವನ್ನು ಆಗಿನ ಸುಮಾರು 400 ಕೋಟಿ ಜನರಿಗೆ ಹಂಚಿದರೆ, ನಿರ್ದಿಷ್ಟವಾಗಿ ನಿಮಗೆ ತಗುಲುವ ಸಾಧ್ಯತೆ 60,000 ಕೋಟಿಯಲ್ಲಿ ಒಂದು. ಎರಡೂ ಒಂದೇ ಸತ್ಯ. ರೇಡಿಯೊ ಮೊದಲನೆಯದನ್ನು ಓದಿದರೆ ಊರು ಮಲಗಲ್ಲ. ಎರಡನೆಯದನ್ನು ಮಾತ್ರ ಓದಿದರೆ ಕೇಳುಗರಿಂದ ಏನನ್ನೋ ಮುಚ್ಚಿಟ್ಟ ಹಾಗೆ. ಎರಡನ್ನೂ ಓದಬೇಕಿತ್ತು.

ನಮ್ಮ ಭಾಷೆಯಲ್ಲಿ ಇನ್ನೂ ಒಂದು ತಾಪತ್ರಯವಿದೆ. ‘ಕ್ಷುದ್ರಗ್ರಹ’ ಅನ್ನೋ ಪದವನ್ನೇ ನೋಡಿ. ಸಂಸ್ಕೃತದಲ್ಲಿ ಕ್ಷುದ್ರ ಅಂದರೆ ಚಿಕ್ಕದು. ಆದರೆ ಕನ್ನಡದ ಕಿವಿಗೆ ಅದು ಕ್ಷುದ್ರಶಕ್ತಿ, ಕ್ಷುದ್ರದೇವತೆ, ಮಾಟ-ಮಂತ್ರ. ಇನ್ನು ‘ಗ್ರಹ’ ಅಂದರೆ ಗ್ರಹಗತಿ, ಗ್ರಹಚಾರ. ಎರಡೂ ಸೇರಿದರೆ ಸುದ್ದಿ ಓದುವ ಮೊದಲೇ ಹೆದರಿಕೆ ರೆಡಿ. ಹಳ್ಳಿ ಕಡೆ ‘ಕಲ್ಲು’ ಅಂತಲೇ ಅನ್ನುತ್ತಾರೆ, ನನಗೆ ಅದೇ ಸರಿ ಅನ್ನಿಸುತ್ತೆ.

ವಿಜ್ಞಾನಿಗಳೂ ಹೆಸರಿಡುವುದರಲ್ಲಿ ಕಮ್ಮಿಯಿಲ್ಲ. ಬೆಂಗಳೂರು ಕೋರಮಂಗಲದ ಇಂಡಿಯನ್ ಇನ್‌ಸ್ಟಿಟ್ಯೂಟ್ ಆಫ್ ಆಸ್ಟ್ರೋಫಿಸಿಕ್ಸ್‌ಗೆ ಸೇರಿದ ವೀಕ್ಷಣಾಲಯ ತಮಿಳುನಾಡಿನ ಕಾವಲೂರಿನಲ್ಲಿದೆ. ಅಲ್ಲಿ ಆರ್. ರಾಜಮೋಹನ್ ಅವರು 1980ರ ದಶಕದ ಕೊನೆಗೆ 45 ಸೆಂ.ಮೀ. ದೂರದರ್ಶಕ ಇಟ್ಟುಕೊಂಡು ಕ್ಷುದ್ರಗ್ರಹ ಹುಡುಕುವ ಕೆಲಸ ಶುರು ಮಾಡಿದರು. ಯೋಜನೆಯ ಹೆಸರು ‘ಕಲ್ಕಿ’! ಕಲಿಯುಗ ಮುಗಿಸಲು ಬರುವವನ ಹೆಸರು. 1988ರ ಫೆಬ್ರುವರಿ 17ರಂದು ಅವರಿಗೆ ಒಂದು ಸಿಕ್ಕಿತು. ಭಾರತದಿಂದ ಕ್ಷುದ್ರಗ್ರಹ ಪತ್ತೆಯಾಗಿ ನೂರು ವರ್ಷಕ್ಕೂ ಹೆಚ್ಚಾಗಿತ್ತು. ಪುಣ್ಯಕ್ಕೆ ಕಲ್ಲಿಗೆ ಮಾತ್ರ ಒಳ್ಳೇ ಹೆಸರಿಟ್ಟರು: 4130 ರಾಮಾನುಜನ್. ಗಣಿತಜ್ಞ ಶ್ರೀನಿವಾಸ ರಾಮಾನುಜನ್ ಅವರ ಹೆಸರು. ಅದು ಮಂಗಳ ಮತ್ತು ಗುರು ಗ್ರಹಗಳ ನಡುವೆ ತನ್ನ ಪಾಡಿಗೆ ಸುತ್ತಿಕೊಂಡಿದೆ, ನಮ್ಮ ತಂಟೆಗೆ ಬರುವುದಲ್ಲ.

ಹದಿನಾರು ಕಾಲು ಮಂಟಪ

ನಂಜನಗೂಡಿನವರಿಗೆ ಅಪಾಯದ ಅಳತೆ ಹೇಗೆ ಹೇಳಬೇಕು ಅನ್ನೋದನ್ನು ಯಾರೂ ಕಲಿಸಬೇಕಿಲ್ಲ. ಮಳೆಗಾಲದಲ್ಲಿ ವಯನಾಡಿನಲ್ಲಿ ಜೋರು ಮಳೆಯಾದರೆ ಬೀಚನಹಳ್ಳಿಯ ಕಬಿನಿ ಜಲಾಶಯ ತುಂಬುತ್ತೆ. ಗೇಟು ತೆಗೆಯುತ್ತಾರೆ. ಹೊರಹರಿವು ಇಷ್ಟು ಸಾವಿರ ಕ್ಯೂಸೆಕ್ ಅಂತ ಪ್ರಕಟಣೆ ಬರುತ್ತೆ. ಕ್ಯೂಸೆಕ್ ಅಂದರೆ ಸೆಕೆಂಡಿಗೆ ಒಂದು ಘನ ಅಡಿ ನೀರು ಅಂತ ಎಷ್ಟು ಜನ ಬಿಡಿಸಿ ಹೇಳಬಲ್ಲರೋ ಗೊತ್ತಿಲ್ಲ, ಆದರೆ ಕಪಿಲಾ ತೀರದವರು ಅದನ್ನು ಬೇರೆ ಭಾಷೆಗೆ ತರ್ಜುಮೆ ಮಾಡಿಕೊಂಡಿದ್ದಾರೆ. ಸ್ನಾನಘಟ್ಟದ ಎಷ್ಟನೇ ಮೆಟ್ಟಿಲು? ಹದಿನಾರು ಕಾಲು ಮಂಟಪದ ಬುಡವಾ, ಅರ್ಧವಾ, ಮುಳುಗಿತಾ? ಮಲ್ಲನಮೂಲೆ ಮಠದ ಹತ್ತಿರ ಮೈಸೂರು ರಸ್ತೆಗೆ ನೀರು ಬಂತಾ? 2018ರಲ್ಲೂ 2019ರಲ್ಲೂ ಬಂದು ರಸ್ತೆ ಬಂದ್ ಆಗಿತ್ತು. ಮಂಟಪ ಅರ್ಧ ಮುಳುಗಿದೆ ಅಂದರೆ ಸಾಮಾನು ಮೇಲೆತ್ತಬೇಕು, ಮೆಟ್ಟಿಲಲ್ಲಿದೆ ಅಂದರೆ ಕಾಯಬಹುದು. ಸಂಖ್ಯೆಗೆ ಒಂದು ಗುರುತು, ಗುರುತಿಗೆ ಒಂದು ಕೆಲಸ.

ಆಕಾಶದ ಕಲ್ಲಿಗೆ ಅಂಥ ಮಂಟಪ ಇರಲಿಲ್ಲ. ಅದರ ಫಲ 1998ರ ಮಾರ್ಚ್‌ನಲ್ಲಿ ಕಾಣಿಸಿತು. ‘1997 ಎಕ್ಸ್‌ಎಫ್11’ ಎಂಬ ಕ್ಷುದ್ರಗ್ರಹ 2028ರಲ್ಲಿ ಭೂಮಿಗೆ ತೀರಾ ಹತ್ತಿರ ಬರುತ್ತೆ, ಬಡಿಯುವುದನ್ನೂ ತಳ್ಳಿಹಾಕುವಂತಿಲ್ಲ ಅಂತ ಒಂದು ದಿನ ಪ್ರಕಟವಾಯಿತು. ಜಗತ್ತಿನ ಪತ್ರಿಕೆಗಳೆಲ್ಲ ಮುಖಪುಟ ಮಾಡಿದವು. ಮರುದಿನವೇ, 1990ರಲ್ಲಿ ತೆಗೆದಿಟ್ಟಿದ್ದ ಹಳೇ ಫೋಟೊಗಳಲ್ಲಿ ಅದೇ ಚುಕ್ಕಿ ಸಿಕ್ಕಿ, ಇಲ್ಲ ಇಲ್ಲ, ದೂರದಲ್ಲೇ ಹೋಗುತ್ತೆ ಅಂತ ಗೊತ್ತಾಯಿತು. ಖಗೋಳಜ್ಞರಿಗೆ ಮುಜುಗರವೋ ಮುಜುಗರ.

ಮರುವರ್ಷ, 1999ರಲ್ಲಿ, ಇಟಲಿಯ ಟೊರಿನೊ ನಗರದಲ್ಲಿ ಸೇರಿದ ಸಭೆ ಒಂದು ಅಳತೆಗೋಲನ್ನು ಒಪ್ಪಿತು. ರೂಪಿಸಿದವರು ಎಂಐಟಿಯ ರಿಚರ್ಡ್ ಬಿನ್ಜೆಲ್. ‘ಟೊರಿನೊ ಮಾಪಕ’ದಲ್ಲಿ ಸೊನ್ನೆಯಿಂದ ಹತ್ತರವರೆಗೆ ಅಂಕ. ಸೊನ್ನೆ ಬಿಳಿ, ಒಂದು ಹಸಿರು, ಎರಡರಿಂದ ನಾಲ್ಕು ಹಳದಿ, ಐದರಿಂದ ಏಳು ಕಿತ್ತಳೆ, ಎಂಟರಿಂದ ಹತ್ತು ಕೆಂಪು. ಬಡಿಯುವ ಸಾಧ್ಯತೆ ಎಷ್ಟು, ಬಡಿದರೆ ಹಾನಿ ಎಷ್ಟು, ಎರಡನ್ನೂ ಸೇರಿಸಿ ಒಂದೇ ಅಂಕ. ಕೆಂಪು ಬಂದರೆ ಡಿಕ್ಕಿ ಖಚಿತ ಅಂತ ಅರ್ಥ. ಹಳದಿ ಅಂದರೆ ಖಗೋಳಜ್ಞರು ಗಮನ ಕೊಡಬೇಕು, ಹೊಸ ಅಳತೆ ಬಂದರೆ ಬಹುಶಃ ಸೊನ್ನೆಗಿಳಿಯುತ್ತೆ ಅಂತ. ಪರಿಣತರು ತಮ್ಮೊಳಗೆ ಬಳಸುವ ಪಲೆರ್ಮೊ ಮಾಪಕ ಅಂತ ಇನ್ನೊಂದಿದೆ. ಮಾಮೂಲಿಯಾಗಿ ಇಷ್ಟು ವರ್ಷದಲ್ಲಿ ಇಷ್ಟು ಗಾತ್ರದ್ದು ಬೀಳುವ ಸಾಧ್ಯತೆ ಎಷ್ಟೋ, ಅದಕ್ಕೆ ಹೋಲಿಸಿ ಈ ಕಲ್ಲು ಎಷ್ಟು ಹೆಚ್ಚು ಅಂತ ಹೇಳುವುದು. ನಮಗೆ ಟೊರಿನೊ ಸಾಕು.

2024 ವೈಆರ್4ಗೆ ಸಿಕ್ಕಿದ್ದು ಮೂರು. ಇದುವರೆಗಿನ ದಾಖಲೆ ನಾಲ್ಕು, ಅಪೋಫಿಸ್ ಎಂಬ ಕಲ್ಲಿನದು. 2004ರ ಡಿಸೆಂಬರ್ 27ರಂದು ಅದರ ಸಾಧ್ಯತೆ ಶೇ 2.7ಕ್ಕೆ ಏರಿತ್ತು. ತಾರೀಖು ನೋಡಿದಿರಾ? ಸುನಾಮಿಯ ಮರುದಿನ. ಆ ವಾರ ಯಾರಿಗೂ ಆಕಾಶದ ಕಡೆ ನೋಡುವ ಮನಸ್ಸಿರಲಿಲ್ಲ. ಹಿಂದೂ ಮಹಾಸಾಗರಕ್ಕೆ ಆಗ ಸುನಾಮಿ ಎಚ್ಚರಿಕೆಯ ವ್ಯವಸ್ಥೆಯೇ ಇರಲಿಲ್ಲ. ಇಪ್ಪತ್ತೈದು ವರ್ಷ ಆಚೆಗಿನ ಕಲ್ಲಿನ ಸಾಧ್ಯತೆ ದಶಮಾಂಶದವರೆಗೆ ಗೊತ್ತಿತ್ತು, ಎರಡು ಗಂಟೆ ದೂರದ ಅಲೆಯ ಸುದ್ದಿ ನಾಗಪಟ್ಟಣಕ್ಕೆ ಮುಟ್ಟಲಿಲ್ಲ.

ಹೇಳಬೇಕಾ, ಸುಮ್ಮನಿರಬೇಕಾ?

ಇಲ್ಲಿ ಒಂದು ವಾದವಿದೆ. ಹೇಗೂ ಸೊನ್ನೆಗಿಳಿಯುತ್ತೆ ಅಂದಮೇಲೆ ಸುಮ್ಮನೆ ಹೇಳಿ ಮಕ್ಕಳ ನಿದ್ದೆ ಕೆಡಿಸೋದ್ಯಾಕೆ? ಖಚಿತವಾದ ಮೇಲೆ ಹೇಳಿದರಾಯ್ತು.

ಅಕ್ಕನೂ ಇದನ್ನೇ ಕೇಳಿದಳು. ನಾನು ಒಪ್ಪುವುದಿಲ್ಲ. ಒಂದು, ಲೆಕ್ಕಗಳು ಬಹಿರಂಗ. ಜಗತ್ತಿನ ಯಾವ ಮೂಲೆಯಲ್ಲಿ ಕೂತವರೂ ನೋಡಬಹುದು, ಮುಚ್ಚಿಡಲು ಆಗಲ್ಲ. ಎರಡು, ಖಚಿತವಾಗುವ ತನಕ ಕಾದರೆ ಕೆಲವೊಮ್ಮೆ ತಡವಾಗುತ್ತೆ. 2024 ವೈಆರ್4 ಕೆಲವೇ ತಿಂಗಳಲ್ಲಿ ಕಣ್ಮರೆಯಾಗಿ 2028ರಲ್ಲಷ್ಟೇ ಮತ್ತೆ ಕಾಣುವಂಥದ್ದು. ಫೆಬ್ರುವರಿಯಲ್ಲಿ ಸಂಖ್ಯೆ ಇಳಿಯದೆ ಶೇ 5ರಲ್ಲೋ 10ರಲ್ಲೋ ನಿಂತುಬಿಟ್ಟಿದ್ದರೆ? ಮೂರು ವರ್ಷ ಅದೇ ಸಂಖ್ಯೆ ಹಿಡಿದು ಕೂರಬೇಕಿತ್ತು. ಆಮೇಲೆ ಉಳಿಯುವುದು ನಾಲ್ಕೇ ವರ್ಷ. ಅಷ್ಟರೊಳಗೆ ನೌಕೆ ಕಳಿಸಿ ತಳ್ಳುವುದೋ, ಊರು ಖಾಲಿ ಮಾಡಿಸುವುದೋ ತೀರ್ಮಾನ ಆಗಬೇಕಿತ್ತು.

ಅದಕ್ಕೆಂದೇ ನಿಯಮವಿದೆ. ವಿಶ್ವಸಂಸ್ಥೆಯ ಶಿಫಾರಸಿನಂತೆ ರೂಪುಗೊಂಡ ಅಂತರರಾಷ್ಟ್ರೀಯ ಎಚ್ಚರಿಕೆ ಜಾಲವಿದೆ. 10 ಮೀಟರಿಗಿಂತ ದೊಡ್ಡ ಕಲ್ಲು, ಸಾಧ್ಯತೆ ಶೇ 1ಕ್ಕಿಂತ ಹೆಚ್ಚು ಅಂದರೆ ಅದು ತಿಳಿಸಲೇಬೇಕು. 2025ರ ಜನವರಿ 29ರ ಪ್ರಕಟಣೆ ಬಂದಿದ್ದು ಹಾಗೆ. ತಳ್ಳುವುದು ಬರೀ ಸಿನಿಮಾ ಮಾತಲ್ಲ. 2022ರ ಸೆಪ್ಟೆಂಬರ್ 26ರಂದು ನಾಸಾದ ಡಾರ್ಟ್ ನೌಕೆ ಸುಮಾರು 160 ಮೀಟರಿನ ಡಿಮಾರ್ಫಸ್ ಎಂಬ ಕಲ್ಲಿಗೆ ಬೇಕಂತಲೇ ಗುದ್ದಿ, 11 ಗಂಟೆ 55 ನಿಮಿಷದ ಅದರ ಸುತ್ತನ್ನು ಅರ್ಧ ಗಂಟೆಗಿಂತ ಹೆಚ್ಚು ಕಡಿಮೆ ಮಾಡಿತು. ಆದರೆ ಗುದ್ದಲು ವರ್ಷಗಳ ಮುಂಚಿತ ಎಚ್ಚರಿಕೆ ಬೇಕು.

ಹೇಳಿದ್ದು ಸರಿ. ಹೇಳಿದ ರೀತಿಯಲ್ಲಿ, ಅದಕ್ಕಿಂತ ಹೆಚ್ಚಾಗಿ ದಾಟಿಸಿದ ರೀತಿಯಲ್ಲಿ, ಕೊರತೆಯಿತ್ತು. ‘ಈ ಸಂಖ್ಯೆ ಇನ್ನೂ ಏರಬಹುದು, ಆಮೇಲೆ ಸೊನ್ನೆಗಿಳಿಯುವ ಸಾಧ್ಯತೆಯೇ ಹೆಚ್ಚು’ ಅನ್ನೋದು ಮೊದಲ ಸಾಲಾಗಬೇಕಿತ್ತು. ಮತ್ತೆ, ಏರಿದ್ದಕ್ಕೆ ಕೊಟ್ಟಷ್ಟೇ ಜಾಗ ಇಳಿದದ್ದಕ್ಕೂ ಸಿಗಬೇಕಿತ್ತು.

ತಪ್ಪಾಗಿ ಹೇಳುವುದು ಹೇಗಿರುತ್ತೆ ಅನ್ನೋದಕ್ಕೂ ನಮ್ಮ ನೆರೆಯಲ್ಲೇ ಉದಾಹರಣೆ ಇದೆ. 2016ರ ಫೆಬ್ರುವರಿ 6ರಂದು ತಮಿಳುನಾಡಿನ ವೆಲ್ಲೂರು ಜಿಲ್ಲೆಯ ಒಂದು ಕಾಲೇಜಿನಲ್ಲಿ ಸ್ಫೋಟವಾಗಿ ಬಸ್ ಚಾಲಕರೊಬ್ಬರು ತೀರಿಕೊಂಡರು. ಉಲ್ಕಾಶಿಲೆ ಬಿದ್ದು ಸತ್ತರು ಅಂತ ಸರ್ಕಾರವೇ ಪರಿಹಾರ ಘೋಷಿಸಿತು, ಪ್ರಪಂಚವೆಲ್ಲ ಸುದ್ದಿಯಾಯಿತು. ಚಿತ್ರ ನೋಡಿದ ನಾಸಾದವರು ಇದು ನೆಲದ ಮೇಲಿನ ಸ್ಫೋಟದಂತೆ ಕಾಣುತ್ತೆ ಅಂದರು. ಒಂದು ಸಾವಿಗೆ ನಿಜವಾದ ಕಾರಣ ಹುಡುಕುವ ಮೊದಲೇ ಆಕಾಶವನ್ನು ದೂರಿದ್ದಾಗಿತ್ತು.

ಹಾಗಂತ ನಮ್ಮ ಕಡೆ ಕಲ್ಲು ಬಿದ್ದೇ ಇಲ್ಲ ಅಂತಲ್ಲ. ಉಲ್ಕಾಶಿಲೆಗಳ ಅಂತರರಾಷ್ಟ್ರೀಯ ಪಟ್ಟಿಯಲ್ಲಿ ‘ಮುದ್ದೂರ್’ ಅಂತ ಒಂದಿದೆ. ಅದು ನಮ್ಮ ಮದ್ದೂರು. ವಡೆಗೆ ಮೊದಲೇ ಆ ಹೆಸರು ಜಗತ್ತಿನ ಪಟ್ಟಿ ಸೇರಿತ್ತು! 1865ರ ಸೆಪ್ಟೆಂಬರ್ 21ರಂದು ಬಿದ್ದ ಕಲ್ಲು, ನಾಲ್ಕು ಕೆ.ಜಿ.ಗಿಂತ ಸ್ವಲ್ಪ ಹೆಚ್ಚು. ಮರುವರ್ಷ ಉಡುಪಿಯಲ್ಲಿ ಒಂದು. 2008ರ ಸೆಪ್ಟೆಂಬರ್‌ನಲ್ಲಿ ಹೊಸೂರಿನ ಆಚೆ ಸೂಲಗಿರಿಯಲ್ಲಿ ನೂರು ಕೆ.ಜಿ. ಮೀರಿದ್ದು. ಇಂಥವು ಬೀಳುತ್ತಲೇ ಇರುತ್ತವೆ, ಹೆಚ್ಚಿನವು ಸಮುದ್ರಕ್ಕೆ, ಕಾಡಿಗೆ.

ಒಂದು ಉಪಯೋಗದ ಮಾತು. 2013ರ ಫೆಬ್ರುವರಿ 15ರಂದು ರಷ್ಯಾದ ಚೆಲ್ಯಾಬಿನ್ಸ್ಕ್ ನಗರದ ಮೇಲೆ ಸುಮಾರು 20 ಮೀಟರಿನ ಕಲ್ಲು ಆಕಾಶದಲ್ಲೇ ಸಿಡಿಯಿತು. ಸೂರ್ಯನ ದಿಕ್ಕಿನಿಂದ ಬಂದದ್ದರಿಂದ ಯಾರೂ ಮುಂಚೆ ನೋಡಿರಲಿಲ್ಲ. ಹಿರೋಷಿಮಾ ಬಾಂಬಿನ ಸುಮಾರು 30 ಪಟ್ಟು ಶಕ್ತಿ. ಯಾರೂ ಸಾಯಲಿಲ್ಲ, ಗಾಯಗೊಂಡವರು ಸುಮಾರು 1,500. ಹೆಚ್ಚಿನವರಿಗೆ ಗಾಯ ಮಾಡಿದ್ದು ಕಲ್ಲಲ್ಲ, ಕಿಟಕಿಯ ಗಾಜು. ಕಣ್ಣು ಕೋರೈಸುವ ಬೆಳಕು ಮೊದಲು ಬಂತು. ಏನಿದು ಅಂತ ಜನ ಕಿಟಕಿಗೆ ಓಡಿದರು. ಸದ್ದಿನ ಅಲೆ ನಿಧಾನ, ಅದು ಬಂದದ್ದು ಎರಡು ನಿಮಿಷದ ನಂತರ. ಅಂಥ ಬೆಳಕು ಎಂದಾದರೂ ಕಂಡರೆ ವಿಡಿಯೊ ಮಾಡಲು ಕಿಟಕಿಗೆ ಹೋಗಬೇಡಿ. ಗಾಜಿನಿಂದ ದೂರ ಸರಿದು, ಮುಖ ಮುಚ್ಚಿಕೊಂಡು ಕೂತುಬಿಡಿ. ಅಕ್ಕನ ಮಗಳಿಗೆ ಇದನ್ನು ಹೇಳಿಕೊಟ್ಟಿದ್ದೇನೆ. ಮಾಡೋಕೆ ಒಂದು ಕೆಲಸ ಸಿಕ್ಕಿದ ಮೇಲೆ ಅವಳ ಭಯ ಎಷ್ಟೋ ಇಳಿದಿದೆ, ಈಗ ಶಾಲೆಯಲ್ಲಿ ಗೆಳತಿಯರಿಗೆ ಪಾಠ ಮಾಡುತ್ತಾಳಂತೆ.

ಇನ್ನು 2029

ಮುಂದಿನ ಫಾರ್ವರ್ಡ್ ಯಾವುದು ಅಂತ ಈಗಲೇ ಹೇಳಬಹುದು. ಟೊರಿನೊದಲ್ಲಿ ನಾಲ್ಕು ಪಡೆದಿದ್ದ ಅದೇ ಅಪೋಫಿಸ್, 2029ರ ಏಪ್ರಿಲ್‌ನಲ್ಲಿ ಭೂಮಿಯ ಪಕ್ಕದಲ್ಲೇ ಹಾದುಹೋಗಲಿದೆ. ಹೆಸರು ಈಜಿಪ್ಟಿನ ಸರ್ಪದೈವದ್ದು. ಗಾತ್ರ 340 ಮೀಟರಿನ ಆಸುಪಾಸು. ಅಮೆರಿಕ, ಯುರೋಪಿನಲ್ಲಿ ತಾರೀಖು ಏಪ್ರಿಲ್ 13, ಅದೂ ಶುಕ್ರವಾರ. ಅವರಲ್ಲಿ ಅಪಶಕುನದ ದಿನ. ನಮ್ಮ ಗಡಿಯಾರದಲ್ಲಿ ಆಗ ಏಪ್ರಿಲ್ 14ರ ನಸುಕಿನ ಮೂರು ಕಾಲು, ಅಂಬೇಡ್ಕರ್ ಜಯಂತಿ.

ನೆಲದಿಂದ ದೂರ ಸುಮಾರು 32,000 ಕಿ.ಮೀ. ಹಾಸನದ ಮುಖ್ಯ ನಿಯಂತ್ರಣ ಕೇಂದ್ರದಿಂದ ನೋಡಿಕೊಳ್ಳುವ ಇನ್‌ಸ್ಯಾಟ್, ಜಿಸ್ಯಾಟ್ ಉಪಗ್ರಹಗಳು ಇರುವುದು ಸುಮಾರು 36,000 ಕಿ.ಮೀ. ಎತ್ತರದಲ್ಲಿ. ಅಂದರೆ ನಮ್ಮ ಟಿ.ವಿ. ಚಾನೆಲ್ ಕಳಿಸುವ ಉಪಗ್ರಹಕ್ಕಿಂತ ಒಳಗೆ ಒಂದು ಬೆಟ್ಟ ಹಾದುಹೋಗುತ್ತದೆ. ಯುರೋಪ್, ಆಫ್ರಿಕಾ, ಪಶ್ಚಿಮ ಏಷ್ಯಾದ ಕತ್ತಲ ಆಕಾಶದಲ್ಲಿ ಬರಿಗಣ್ಣಿಗೇ ಕಾಣುವಷ್ಟು ಬೆಳಗಲಿದೆ. 2024ರ ಜುಲೈನಲ್ಲಿ ಇಸ್ರೊ ಬೆಂಗಳೂರಿನಲ್ಲಿ ಭೂರಕ್ಷಣೆಯ ಬಗ್ಗೆ ಕಾರ್ಯಾಗಾರ ನಡೆಸಿದಾಗಲೂ ಅಪೋಫಿಸ್ ಮಾತು ಬಂದಿತ್ತು. ವಿಶ್ವಸಂಸ್ಥೆ 2029ನೇ ವರ್ಷವನ್ನು ಕ್ಷುದ್ರಗ್ರಹ ಜಾಗೃತಿಗೆಂದೇ ಮೀಸಲಿಟ್ಟಿದೆ.

ವಿಡಿಯೊಗಳು ಬರುತ್ತವೆ, ಬೆಂಕಿಯುಂಡೆ, ಹಿನ್ನೆಲೆ ಸಂಗೀತ ಸಮೇತ. ಬಂದಾಗ ನೋಡಬೇಕಾದ್ದು ಎರಡೇ: ಯಾವ ತಾರೀಖಿನ ಲೆಕ್ಕ, ಟೊರಿನೊ ಅಂಕ ಎಷ್ಟು. ಅಪೋಫಿಸ್‌ನದ್ದನ್ನು ರೇಡಾರ್ ಅಳತೆಯ ನಂತರ 2021ರ ಮಾರ್ಚ್‌ನಲ್ಲಿ ಹೇಳಿಯಾಗಿದೆ, ಮುಂದಿನ ನೂರು ವರ್ಷದವರೆಗೆ ಡಿಕ್ಕಿ ಇಲ್ಲ. ಅಂಕ ಸೊನ್ನೆ.